ಪಕ್ಕದ ಮನೆಯ ರೇಡಿಯೊ

ಅಲೆಯ ವೇಗವನ್ನು ಅದರ ಆವರ್ತನದಿಂದ ಭಾಗಿಸಿದರೆ ಅಲೆಯ ಉದ್ದ ಸಿಗುತ್ತದೆ. ಹೈಸ್ಕೂಲಿನ ಸೂತ್ರ. ಧಾರವಾಡ ಆಕಾಶವಾಣಿಯ ಮಧ್ಯಮ ತರಂಗ 765 ಕಿಲೋಹರ್ಟ್ಸ್. ಬೆಳಕಿನ ವೇಗ ಸೆಕೆಂಡಿಗೆ 3 ಲಕ್ಷ ಕಿಲೋಮೀಟರ್. ಲೆಕ್ಕ ಹಾಕಿದರೆ ಒಂದೊಂದು ಅಲೆಯೂ ಸುಮಾರು 392 ಮೀಟರ್. ಇಷ್ಟುದ್ದದ ಅಲೆ ಮನೆ, ಮರ, ದಿಬ್ಬಗಳನ್ನು ಲೆಕ್ಕಕ್ಕೇ ಇಡದೆ ನೆಲ ಹಿಡಿದು ಖಾನಾಪುರ ತಾಲೂಕಿನ ನಮ್ಮ ಪಾರಿಶ್ವಾಡದವರೆಗೂ ಬರುತ್ತದೆ.

ಇನ್ನೊಂದು ಸೂತ್ರವಿದೆ. ಅಡ್ಡಿಯಿಲ್ಲದ ಬಯಲಿನಲ್ಲಿ ದೂರ ಎರಡು ಪಟ್ಟಾದರೆ ಸಂಕೇತದ ಬಲ ನಾಲ್ಕನೇ ಒಂದು ಭಾಗಕ್ಕೆ ಇಳಿಯುತ್ತದೆ, ಮೂರು ಪಟ್ಟಾದರೆ ಒಂಬತ್ತನೇ ಒಂದು ಭಾಗಕ್ಕೆ. (ನಿಜವಾದ ನೆಲ ಇನ್ನಷ್ಟು ನುಂಗುತ್ತದೆ.) ನೀತಿಶಾಸ್ತ್ರ ಓದುವ ನನ್ನನ್ನು ಕಾಡುವುದು ಈ ಸೂತ್ರದಲ್ಲಿ ಇಲ್ಲದಿರುವ ಒಂದು ಅಂಶ. ಇಲ್ಲಿ ದೂರ ಇದೆ, ಕೇಳುವವರ ಸಂಖ್ಯೆ ಇಲ್ಲ.

ಮಲಪ್ರಭೆ ಹುಟ್ಟುವುದು ನಮ್ಮದೇ ತಾಲೂಕಿನ ಕಣಕುಂಬಿಯಲ್ಲಿ. ಮೇಲಿನ ಹೊಲದವರು ಪಂಪ್‌ಸೆಟ್ ಹಚ್ಚಿದರೆ ಕೆಳಗಿನವರಿಗೆ ಅಷ್ಟು ನೀರು ಕಡಿಮೆ. ನ್ಯಾಯ ಎಂದರೆ ಹಂಚಿಕೆ ಎಂದು ನಾವು ಕಲಿತದ್ದೇ ಇಂಥ ನೀರಿನಿಂದ. ರೇಡಿಯೊ ಹಾಗಲ್ಲ. ಪಕ್ಕದ ಮನೆಯವರೂ ರೇಡಿಯೊ ಹಚ್ಚಿದರೆಂದು ನಮ್ಮ ಮನೆಯ ದನಿ ಕುಗ್ಗುವುದಿಲ್ಲ. ಹಾಗಿದ್ದರೆ ಒಬ್ಬರನ್ನು ಹೊರಗಿಡಲು ಏನು ಸಮರ್ಥನೆ? ಒಂದು ಕಾಲದಲ್ಲಿ ರೇಡಿಯೊ ಇಟ್ಟುಕೊಳ್ಳಲೂ ಲೈಸೆನ್ಸ್ ಬೇಕಿತ್ತು. ನಿಲಯ ನಡೆಸುವ ಖರ್ಚು ಯಾರಾದರೂ ಕೊಡಬೇಕು, ಒಪ್ಪುತ್ತೇನೆ. ಆದರೆ ಕೊಡಲಾಗದವರು ಕೇಳಿದರೆ ಯಾರ ಪಾಲೂ ಕಡಿಮೆಯಾಗುವುದಿಲ್ಲ. ಪ್ರಸಾರದ ಅಲೆಗಳು ಸಾರ್ವಜನಿಕ ಸ್ವತ್ತು ಎಂದು ಸುಪ್ರೀಂ ಕೋರ್ಟ್ 1995ರಲ್ಲಿ ಹೇಳಿತು. ನನಗನ್ನಿಸುವಂತೆ ನದಿಯನ್ನು ಸಾರ್ವಜನಿಕ ಎನ್ನುವುದಕ್ಕಿಂತ ಇದನ್ನು ಹಾಗೆನ್ನುವುದು ಹೆಚ್ಚು ಸರಿ.

ಮೊಬೈಲ್ ಬಂದ ಮೇಲೆ ಅಲೆಯೂ ನದಿಯಾಯಿತು. 900 ಮೆಗಾಹರ್ಟ್ಸ್‌ನ ಅಲೆ 33 ಸೆಂಟಿಮೀಟರ್ ಮಾತ್ರ. ಗೋಡೆ, ಗುಡ್ಡ ಎಲ್ಲವೂ ಅದಕ್ಕೆ ಅಡ್ಡಿ. ಅದಕ್ಕಿಂತ ಮುಖ್ಯವಾಗಿ, ಟವರಿನ ಸಾಮರ್ಥ್ಯವನ್ನು ಸುತ್ತಲಿನವರೆಲ್ಲ ಹಂಚಿಕೊಳ್ಳಬೇಕು. ಪಕ್ಕದ ಮನೆಯವರು ಸಿನಿಮಾ ನೋಡಿದರೆ ನನ್ನ ವಿಡಿಯೊ ನಿಲ್ಲಬಹುದು. ಇಲ್ಲಿ ಮೀಟರ್ ಇಡುವುದಕ್ಕೆ ಕಾರಣವಿದೆ. ಆದರೆ ಎಲ್ಲರಿಗೂ ಒಂದೇ ಆಗಿರುವ ಮಾತನ್ನೂ ಒಬ್ಬೊಬ್ಬರಿಗೆ ಬೇರೆಬೇರೆಯಾಗಿ ಕಳಿಸಿ, ಒಬ್ಬೊಬ್ಬರಿಂದಲೂ ಡೇಟಾ ದುಡ್ಡು ತೆಗೆದುಕೊಳ್ಳುವುದು ಇಲ್ಲದ ಕೊರತೆಯನ್ನು ಹುಟ್ಟಿಸಿದಂತೆ. 2020ರಲ್ಲಿ ಶಾಲೆಗಳು ಮುಚ್ಚಿದಾಗ ಇದು ಬರಿಯ ತರ್ಕವಾಗಿ ಉಳಿಯಲಿಲ್ಲ. ಆನ್‌ಲೈನ್ ಪಾಠಕ್ಕೆ ಫೋನು, ರೀಚಾರ್ಜು, ಸಿಗ್ನಲ್ಲು ಮೂರೂ ಬೇಕಿತ್ತು. ಚಂದನ ವಾಹಿನಿಯ ಪಾಠಕ್ಕೆ ಒಂದು ಟಿವಿ ಸಾಕಿತ್ತು. ಹತ್ತು ಮಕ್ಕಳು ಕೂತು ನೋಡಿದರೂ ಹನ್ನೊಂದನೆಯ ಮಗುವಿನ ಪಾಠ ತೆಳುವಾಗುತ್ತಿರಲಿಲ್ಲ.

ಆದರೆ ಪ್ರಸಾರದ ಈ ಔದಾರ್ಯಕ್ಕೆ ಕಿವಿಯಿಲ್ಲ. ಅರ್ಥವಾಗದ ಮಗು ಕೈಯೆತ್ತಿದರೆ ನೋಡುವವರು ಆ ಕಡೆ ಯಾರೂ ಇರಲಿಲ್ಲ. ಮಗುವಿನ ಪ್ರಶ್ನೆ ವಾಪಸು ಹೋಗಬೇಕಾದ್ದು ಮತ್ತೆ ಆ 33 ಸೆಂಟಿಮೀಟರಿನ ದಾರಿಯಲ್ಲೇ, ಹಂಚಿಕೊಂಡೇ. ಆ ದಾರಿ ಇಕ್ಕಟ್ಟು ಎಂಬುದು ನಿಜವಾದರೆ, ಅಲ್ಲಿ ಮೊದಲ ಸರದಿ ಈ ಪ್ರಶ್ನೆಗೋ, ಪಕ್ಕದ ಮನೆಯ ಸಿನಿಮಾಕ್ಕೋ ಎಂಬುದನ್ನು ಈಗ ರೀಚಾರ್ಜು ತೀರ್ಮಾನಿಸುತ್ತಿದೆ.