ಕುಂಡದ ಮರಕ್ಕೆ ಚಳಿ

ಮರವನ್ನು ಕುಂಡದಲ್ಲಿ ಬೆಳೆಸುವುದು ಸರಿಯೇ ಎಂದು ಕೇಳಿದರೆ ನನ್ನಂಥ ಅಡಿಕೆ ತೋಟದವನಿಗೆ ನಗು ಬರುವುದು ಸಹಜ. ತುಳಸಿಯಾದರೆ ಆಯಿತು, ದಾಸವಾಳವೂ ಆಯಿತು. ಮರ ಎಂದಮೇಲೆ ಅದಕ್ಕೆ ನೆಲ ಬೇಕು. ಆದರೆ ಅಮೆರಿಕದ ಮಿನೆಸೋಟದಲ್ಲಿರುವ ಮಗನ ಮನೆಯಲ್ಲಿ ಕಳೆದ ಚಳಿಗಾಲದ ಆರು ತಿಂಗಳು ಕಳೆದು, ಅವನ ಎರಡು ಹೇಜಲ್ ಗಿಡಗಳನ್ನು ದಿನವೂ ನೋಡಿ ಬಂದಮೇಲೆ, ಈ ಪ್ರಶ್ನೆಯನ್ನು ನಕ್ಕು ಬದಿಗಿಡುವುದು ಸಾಧ್ಯವಾಗುತ್ತಿಲ್ಲ.

ಹೇಜಲ್ ನಮ್ಮ ಕಡೆಯವರಿಗೆ ಪರಿಚಯವಿರುವುದು ಚಾಕೊಲೇಟಿನ ಹೊಟ್ಟೆಯಲ್ಲಿ ಸಿಗುವ ಉರುಟು ಬೀಜವಾಗಿ ಮಾತ್ರ. ಗಿಡ ಬುಡದಿಂದಲೇ ಹಲವು ಕಾಂಡಗಳಾಗಿ ಏಳುತ್ತದೆ, ಆಳೆತ್ತರವನ್ನು ಮೀರಿ ಬೆಳೆಯುತ್ತದೆ. ಮಗ ತಂದದ್ದು ಅಮೆರಿಕದ ಕಾಡು ಹೇಜಲನ್ನೂ ಯುರೋಪಿನದನ್ನೂ ಕೂಡಿಸಿದ ತಳಿ. ಅದರ ಗಟ್ಟಿತನ, ಇದರ ದಪ್ಪ ಬೀಜ ಎರಡೂ ಸಿಗಲೆಂದು ಹಾಗೆ ಮಾಡುತ್ತಾರಂತೆ. ಒಂದೇ ಗಿಡವಿದ್ದರೆ ಕಾಯಿ ಕಟ್ಟದು, ತನ್ನ ಪರಾಗವನ್ನು ತಾನೇ ಒಪ್ಪದ ಜಾತಿ ಅದು. ಹಾಗಾಗಿ ಎರಡು. ಬಾಡಿಗೆ ಮನೆಯ ಅಂಗಳದಲ್ಲಿ ನೆಲ ಅಗೆಯುವಂತಿಲ್ಲ. ಹಾಗಾಗಿ ಕುಂಡ. ನಮ್ಮ ಬಚ್ಚಲ ಹಂಡೆಗಿಂತ ದೊಡ್ಡವು, ಅಡಿಗೆ ಚಕ್ರ.

ಮೊದಮೊದಲು ಅವು ನನಗೆ ಕಟ್ಟಿಹಾಕಿದ ದನಗಳಂತೆ ಕಂಡವು. ಆದರೆ ಈ ಮಾತನ್ನು ನಾನು ಗಟ್ಟಿಯಾಗಿ ಆಡುವಂತಿಲ್ಲ. ನನ್ನ ತೋಟದ ಮರಗಳೂ ತಾವಾಗಿ ಹುಟ್ಟಿದವಲ್ಲ. ಒಂಬತ್ತು ಅಡಿಗೊಂದರಂತೆ ಸಾಲು ಹಿಡಿದು ನಿಲ್ಲಿಸಿದವು. ವ್ಯತ್ಯಾಸವಿರುವುದು ಬೇರೆ ಕಡೆ. ನಾನು ನಾಲ್ಕು ದಿನ ಜ್ವರ ಬಂದು ಮಲಗಿದರೂ ಅಡಿಕೆಯ ಬೇರು ತನ್ನ ಪಾಡಿಗೆ ತೇವ ಹುಡುಕಿಕೊಂಡೀತು. ಕುಂಡದ ಬೇರಿಗೆ ಹುಡುಕಲು ಜಾಗವೇ ಇಲ್ಲ. ಜುಲೈ ಬಿಸಿಲಿನಲ್ಲಿ ದಿನವೂ ನೀರು ಹಾಕಬೇಕು. ಎರಡು ಮೂರು ವರ್ಷಕ್ಕೊಮ್ಮೆ ಹೊರಗೆ ತೆಗೆದು, ಸುತ್ತಿಕೊಂಡ ಬೇರನ್ನು ಕತ್ತರಿಸಿ, ಹೊಸ ಮಣ್ಣು ಕೊಡಬೇಕು. ನೆಲ ಸದ್ದಿಲ್ಲದೆ ಮಾಡುತ್ತಿದ್ದ ಕೆಲಸವನ್ನೆಲ್ಲ ಮನುಷ್ಯ ತಲೆಯ ಮೇಲೆ ಹೊತ್ತುಕೊಂಡಂತೆ. ಕುಂಡದಲ್ಲಿ ನೆಟ್ಟದ್ದು ತಪ್ಪಲ್ಲದಿರಬಹುದು. ನೆಟ್ಟು ಮರೆಯುವುದು ಖಂಡಿತ ತಪ್ಪು.

ನಿಜವಾದ ತೊಡಕು ಚಳಿಗಾಲದ್ದು. 2019ರ ಜನವರಿ ಕೊನೆಯಲ್ಲಿ ಮಿನಿಯಾಪೊಲಿಸ್ ನಗರದಲ್ಲಿ ಉಷ್ಣಾಂಶ ಸೊನ್ನೆಗಿಂತ 33 ಡಿಗ್ರಿ ಸೆಲ್ಸಿಯಸ್ ಕೆಳಗಿಳಿದಿತ್ತು. ನೆಲದಲ್ಲಿರುವ ಬೇರಿಗೆ ಮೇಲೆ ಬಿದ್ದ ಹಿಮವೇ ಕಂಬಳಿ. ಕುಂಡದ ಬೇರಿಗಾದರೋ ಸುತ್ತಲಿಂದಲೂ ಚಳಿ ನುಗ್ಗುತ್ತದೆ, ಮತ್ತು ಕೊಂಬೆ ತಾಳುವಷ್ಟು ಚಳಿಯನ್ನು ಬೇರು ತಾಳಲಾರದು. ನವೆಂಬರಿನಲ್ಲಿ ಎಲೆ ಉದುರಿದಮೇಲೆ ಮಗ ಎರಡೂ ಕುಂಡಗಳನ್ನು ಬಿಸಿಯ ವ್ಯವಸ್ಥೆಯಿಲ್ಲದ ಕಾರಿನ ಶೆಡ್ಡಿಗೆ ತಳ್ಳಿ, ಸುತ್ತ ಒಣಹುಲ್ಲು ಒತ್ತಿ, ಹಳೆಯ ಕಂಬಳಿ ಸುತ್ತಿದ. ನಮ್ಮಲ್ಲಿ ಕೊಳೆರೋಗಕ್ಕೆ ಅಡಿಕೆ ಗೊನೆಗೆ ಕೊಟ್ಟೆ ಕಟ್ಟುತ್ತಿದ್ದದ್ದು ನೆನಪಾಯಿತು. ಮಣ್ಣು ಪೂರ್ತಿ ಒಣಗದಂತೆ ಆಗೀಗ ಒಂದು ಚೊಂಬು ನೀರು.

ಎಂಟು ವರ್ಷದ ಮೊಮ್ಮಗಳಿಗೆ ಇದು ಒಪ್ಪಿಗೆಯಾಗಲಿಲ್ಲ. "ಅಜ್ಜ, ತುಳಸಿ ಮಾತ್ರ ಮನೆಯೊಳಗೆ, ಇವು ಯಾಕೆ ಚಳಿಯಲ್ಲಿ?" ಎಂದು ಕೇಳಿದಳು. ತುಳಸಿಗೆ ಹಜಾರದ ಕಿಟಕಿಯ ಹತ್ತಿರ ಜಾಗ, ಮೇಲೊಂದು ದೀಪ ಬೇರೆ. ಅವಳ ಕಣ್ಣಿಗೆ ಇದು ಶುದ್ಧ ಪಂಕ್ತಿಭೇದ.

ತನ್ನಂತೆಯೇ ಪರರನ್ನು ಎಣಿಸಬೇಕು ಎನ್ನುವುದು ನಾವು ಮಕ್ಕಳಿಗೆ ಮೊದಲು ಕಲಿಸುವ ನೀತಿ. ಮಗು ಅದನ್ನೇ ಪಾಲಿಸಿತ್ತು. ತನಗೆ ಚಳಿಯಾಗುತ್ತದೆ, ಆದ್ದರಿಂದ ಗಿಡಕ್ಕೂ ಆಗುತ್ತದೆ. ಆದರೆ ಹೇಜಲ್‌ಗೆ ನೂರಾರು ಗಂಟೆಗಳ ಚಳಿ ಸಿಗದೆ ಮೊಗ್ಗು ಸರಿಯಾಗಿ ಒಡೆಯುವುದೇ ಇಲ್ಲ. ಬೆಚ್ಚಗಿನ ಹಜಾರಕ್ಕೆ ತಂದರೆ ಅದರ ನಿದ್ದೆ ಕೆಡಿಸಿದಂತೆ. ತನ್ನಂತೆ ಎಣಿಸುವ ನೀತಿ ಇಲ್ಲಿ ಕೈಕೊಡುತ್ತದೆ. ಎದುರಿಗಿರುವುದರ ಚರ್ಮ ನಮ್ಮದಲ್ಲ ಎಂಬುದನ್ನು ಮೊದಲು ಒಪ್ಪಬೇಕಾಗುತ್ತದೆ.

ಇಷ್ಟಕ್ಕೇ ನಿಲ್ಲಿಸಿದ್ದರೆ ನೆಮ್ಮದಿಯಾಗಿರುತ್ತಿತ್ತು. ಆದರೆ ಈ ವಾದಕ್ಕೊಂದು ಕೆಟ್ಟ ಅಣ್ಣನಿದ್ದಾನೆ. ಆಷಾಢದ ಮಳೆಯಲ್ಲಿ, ಜಾರುವ ಅಡಿಕೆ ಮರದ ತುದಿಯಲ್ಲಿ ನಿಂತು ಬೋರ್ಡೋ ದ್ರಾವಣ ಹೊಡೆಯುವ ಕೊನೆಗೌಡನ ಬಗ್ಗೆ ನಮ್ಮೂರಿನಲ್ಲಿ "ಅವರಿಗೆ ಅಭ್ಯಾಸ" ಎನ್ನುವುದನ್ನು ಎಷ್ಟೋ ಸಲ ಕೇಳಿದ್ದೇನೆ. ಅವರ ಚರ್ಮ ನಮ್ಮದಲ್ಲ ಎಂಬುದೇ ಅಲ್ಲಿಯ ಮಾತೂ. ಹೇಜಲ್‌ಗೆ ಚಳಿ ಬೇಕೆನ್ನಲು ಮೊಗ್ಗು ಸಾಕ್ಷಿ. ಕೊನೆಗೌಡನಿಗೆ ಮಳೆ ಬೇಕೆನ್ನಲು ಸಾಕ್ಷಿ ಎಲ್ಲಿದೆ? ಅವನನ್ನು ಯಾರೂ ಕೇಳಿದಂತಿಲ್ಲ. ಈಗ ಉದ್ದನೆಯ ಫೈಬರ್ ದೋಟಿ ಬಂದಿದೆ, ನೆಲದಲ್ಲಿ ನಿಂತೇ ಔಷಧಿ ಹೊಡೆಯಬಹುದು. ಅದು ತೋಟ ಹೊಕ್ಕದ್ದು ಮರ ಹತ್ತುವವರು ಸಿಗದಾದಮೇಲೆ. ಕರುಣೆಯಿಂದ ಅಂತೂ ಅಲ್ಲ. ಎರಡು ಮಾತಿಗೂ ಇರುವ ಅಂತರ ನನಗೆ ಕಂಡದ್ದು ಇಷ್ಟೇ: ಗಿಡವನ್ನು ಚಳಿಗೆ ಬಿಟ್ಟದ್ದರಿಂದ ಮಗನ ಕೆಲಸ ಹೆಚ್ಚಾಯಿತು, ರಾತ್ರಿ ಎದ್ದು ಥರ್ಮಾಮೀಟರ್ ನೋಡುವಷ್ಟು. "ಅಭ್ಯಾಸ" ಎಂದವರ ಕೆಲಸ ಕಡಿಮೆಯಾಯಿತು.

ಈ ಅಳತೆಗೋಲನ್ನು ನನ್ನ ಮೇಲೂ ಇಟ್ಟು ನೋಡಬೇಕಾಗಿದೆ. ಇವಳು ಹೋದಮೇಲೆ ಮನೆಯಲ್ಲಿ ನಾನೊಬ್ಬನೇ. ತೋಟವನ್ನು ಯಾರಿಗಾದರೂ ವಹಿಸಿ ತಮ್ಮ ಜೊತೆಗೇ ಬಂದಿರಬೇಕೆಂದು ಮಗನ ಒತ್ತಾಯ, ಸೊಸೆಯದೂ. ನಾನು ಹೇಜಲ್ ಜಾತಿ, ನನಗೆ ನನ್ನ ಮಳೆ, ನನ್ನ ಜಿಗಣೆಗಳೇ ಬೇಕು ಎಂದುಬಿಡುವುದು ಸುಲಭ. ಹಾಗೆನ್ನುವುದು ನನಗೆ ಅನುಕೂಲವೂ ಹೌದು, ಅದಕ್ಕೇ ಅನುಮಾನ. ಇಲ್ಲಿ ನಾನು ಜಾರಿಬಿದ್ದರೆ ಮೂವತ್ತು ಗಂಟೆ ಪ್ರಯಾಣ ಮಾಡಿ ಬರಬೇಕಾದವನು ಅವನು.

ಏಪ್ರಿಲಿನಲ್ಲಿ ನಾನು ಹೊರಡುವ ಮೊದಲು ಕುಂಡಗಳು ಅಂಗಳಕ್ಕೆ ಬಂದಿದ್ದವು. ಎಲೆ ಇನ್ನೂ ಇಲ್ಲ. ಹಿಂದಿನ ಬೇಸಗೆಯಲ್ಲೇ ಮೂಡಿ ಚಳಿಗಾಲವಿಡೀ ತೂಗಿದ ಗಂಡು ಹೂಗೊಂಚಲು ಉದ್ದವಾಗಿ, ಗಾಳಿಗೆ ಹಳದಿ ಹುಡಿ ಉದುರಿಸುತ್ತಿತ್ತು. ಹೆಣ್ಣು ಹೂ ಎಂದರೆ ಮೊಗ್ಗಿನ ತುದಿಯಲ್ಲಿ ನಾಲ್ಕಾರು ಕೆಂಪು ಎಳೆ, ಅಷ್ಟೇ. ಮೊಮ್ಮಗಳು ಭೂತಗನ್ನಡಿ ಹಿಡಿದು ತೋರಿಸಿದಳು. ಮಗ ವಾರಕ್ಕೊಮ್ಮೆ ಫೋನು ಮಾಡಿ ಕೇಳುತ್ತಾನೆ. ಕೊನೆಕೊಯ್ಲು ಮುಗಿಯಲಿ, ಹೇಳುತ್ತೇನೆ ಎಂದಿದ್ದೇನೆ.