ಹೊಸ್ತಿಲ ಮೇಲೆ ನಿಂತವರು

ಮುಸ್ಸಂಜೆ ಹೊತ್ತಲ್ಲಿ ಹೊಸ್ತಿಲ ಮೇಲೆ ಕೂತರೆ ನಮ್ಮಜ್ಜಿಗೆ ಆಗುತ್ತಿರಲಿಲ್ಲ. "ಒಳಕ್ಕಾದ್ರೂ ಬಾ, ಹೊರಕ್ಕಾದ್ರೂ ಹೋಗ್ಲಾ ಮಗ. ಅಲ್ಲಿ ಮಾತ್ರ ಕೂತ್ಕಬ್ಯಾಡ" ಅನ್ನೋಳು. ಯಾಕಜ್ಜಿ ಅಂದರೆ ಉತ್ತರವಿಲ್ಲ, ದೀಪ ಹಚ್ಚೋ ಹೊತ್ತು, ಅಷ್ಟೆ. ಕೃಷ್ಣರಾಜನಗರದ ಕಡೆಯ ನಮ್ಮಂಥ ಮನೆಗಳಲ್ಲಿ ಹೊಸ್ತಿಲಾಚೆ ನಿಂತವರ ಕೈಗೆ ಈಚೆಯಿಂದ ದುಡ್ಡು ಕೊಡುವುದಿಲ್ಲ. ಬೆಳಗಾದರೆ ಅದೇ ಹೊಸ್ತಿಲಿಗೆ ಅರಿಸಿನ ಕುಂಕುಮ.

ಹಿರಣ್ಯಕಶಿಪು ಸೋತದ್ದೂ ಅಲ್ಲೇ. ಒಳಗೆ ಸಾವು ಬೇಡ, ಹೊರಗೆ ಬೇಡ, ಹಗಲು ಬೇಡ, ರಾತ್ರಿ ಬೇಡ ಎಂದು ವರ ಬೇಡಿದ. ಲೆಕ್ಕ ಪಕ್ಕಾ ಇತ್ತು. ಎರಡರ ನಡುವೆಯೂ ಒಂದು ಜಾಗ ಉಂಟು ಎಂಬುದೊಂದು ಅವನಿಗೆ ಹೊಳೆಯಲಿಲ್ಲ. ನರಸಿಂಹ ಬಂದು ಕೂತದ್ದು ಆ ಜಾಗದಲ್ಲಿ, ಆ ಹೊತ್ತಿನಲ್ಲಿ.

ಈ ನಡುವಣ ಜಾಗವನ್ನೇ ಹಿಡಿದು ಇಡೀ ಒಂದು ತತ್ತ್ವವನ್ನು ಕಟ್ಟಿದವರು ನಮ್ಮ ನೆರೆಯಲ್ಲೇ ಇದ್ದಾರೆ. ಹುಣಸೂರು, ಪಿರಿಯಾಪಟ್ಟಣ ದಾಟಿ ಕುಶಾಲನಗರದ ದಾರಿ ಹಿಡಿದರೆ ಬೈಲಕುಪ್ಪೆ. 1960ರಲ್ಲಿ ಮೈಸೂರು ಸರ್ಕಾರ ಟಿಬೆಟ್ಟಿನ ನಿರಾಶ್ರಿತರಿಗೆಂದು ಇಲ್ಲಿ ಸುಮಾರು 3000 ಎಕರೆ ಜಮೀನು ಕೊಟ್ಟಿತು. 1963ರಲ್ಲಿ ಪೆನೋರ್ ರಿನ್‌ಪೋಚೆ ನಾಮ್‌ಡ್ರೋಲಿಂಗ್ ಮಠವನ್ನು ಶುರುಮಾಡಿದರು. ನಾವೆಲ್ಲ ಭಾನುವಾರ ಮಕ್ಕಳನ್ನು ಕರೆದುಕೊಂಡು ಹೋಗಿ ಫೋಟೋ ತೆಗೆಸಿಕೊಂಡು ಬರುವ 'ಗೋಲ್ಡನ್ ಟೆಂಪಲ್' ಇರುವುದು ಆ ಮಠದಲ್ಲೇ. ಅದು ನ್ಯಿಂಗ್ಮಾ ಪಂಥದ ಮಠ. ಬಾರ್ದೋ ಥೋದೋಲ್ ಎಂಬ ಗ್ರಂಥ ಆ ಪಂಥದ್ದು. ಪದ್ಮಸಂಭವ ಬಚ್ಚಿಟ್ಟಿದ್ದನ್ನು 14ನೇ ಶತಮಾನದಲ್ಲಿ ಕರ್ಮ ಲಿಂಗ್ಪ ಹೊರತೆಗೆದ ಎಂಬುದು ಅವರ ನಂಬಿಕೆ.

ಬಾರ್ದೋ ಅಂದರೆ ಎರಡರ ನಡುವಣದು. ಸಾವಿಗೂ ಮರುಹುಟ್ಟಿಗೂ ನಡುವೆ ಹೆಚ್ಚೆಂದರೆ 49 ದಿನ ಎನ್ನುತ್ತಾರೆ. ಆದರೆ ಬಾರ್ದೋ ಅದೊಂದೇ ಅಂದುಕೊಳ್ಳಬೇಡಿ, ಆರು ಇವೆ. ಕನಸು ಒಂದು, ಧ್ಯಾನ ಒಂದು, ಪ್ರಾಣ ಹೋಗುವ ಗಳಿಗೆ ಒಂದು. ಹುಟ್ಟಿನಿಂದ ಸಾವಿನವರೆಗಿನ ಈ ಬದುಕೂ ಒಂದು! ಅಜ್ಜಿ ಕೂರಬೇಡ ಎಂದ ಹೊಸ್ತಿಲ ಮೇಲೆಯೇ ಇವರ ಲೆಕ್ಕದಲ್ಲಿ ನಾವೆಲ್ಲ ಮನೆ ಕಟ್ಟಿ ಸಂಸಾರ ಹೂಡಿದ್ದೇವೆ.

ಇಂಥ ನಡುವಣ ಸ್ಥಿತಿ ನಿಜವಾಗಿ ಇದೆಯೇ ಎಂದು ಬೌದ್ಧರೇ ಜಗಳವಾಡಿದ್ದಾರೆ. ಸಂಸ್ಕೃತದಲ್ಲಿ ಇದಕ್ಕೆ ಅಂತರಾಭವ ಎಂದು ಹೆಸರು. ಥೇರವಾದಿಗಳು ಒಪ್ಪುವುದಿಲ್ಲ: ಒಂದು ಬದುಕಿನ ಕೊನೆಯ ಕ್ಷಣಕ್ಕೆ ಇನ್ನೊಂದರ ಮೊದಲ ಕ್ಷಣ ಅಂಟಿಕೊಂಡೇ ಬರುತ್ತದೆ, ಸಂದಿಯೇ ಇಲ್ಲ. ಅಭಿಧರ್ಮಕೋಶ ಬರೆದ ವಸುಬಂಧು ಇದೆ ಎನ್ನುವವನು, ಅವನು ಕೊಡುವ ಉದಾಹರಣೆ ಭತ್ತದ್ದು. ಒಂದೂರಿನ ಭತ್ತ ಇನ್ನೊಂದೂರು ಸೇರಬೇಕಾದರೆ ನಡುವಿನ ಊರುಗಳನ್ನೆಲ್ಲ ಹಾದೇ ಹೋಗಬೇಕು. ಭತ್ತದ ಕಣಜ ಎಂದು ಹೆಸರಾದ ನಮ್ಮ ಕಡೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಕೆ.ಆರ್. ನಗರದಲ್ಲಿ ಮೂಟೆ ಹೇರಿದ ಲಾರಿ ಹುಣಸೂರು ಹಾಯದೆ ಹೆಗ್ಗಡದೇವನಕೋಟೆಯಲ್ಲಿ ಧುತ್ತೆಂದು ಇಳಿದೀತೆ? ಎದುರಾಳಿ ಆಗ ಕನ್ನಡಿ ಹಿಡಿಯುತ್ತಾನೆ. ಮುಖ ಇಲ್ಲಿದೆ, ಬಿಂಬ ಅಲ್ಲಿ ಮೂಡುತ್ತದೆ, ನಡುವೆ ಏನೂ ಸಾಗಲಿಲ್ಲವಲ್ಲ? ವಸುಬಂಧು ಜಗ್ಗುವುದಿಲ್ಲ. ಬಿಂಬ ಒಂದು ವಸ್ತುವೇ ಅಲ್ಲ, ಅದನ್ನು ಭತ್ತದ ಪಕ್ಕಕ್ಕೆ ಇಡಬೇಡ ಎನ್ನುತ್ತಾನೆ. ವಾದದಲ್ಲಿ ಗೆದ್ದನೋ ಇಲ್ಲವೋ, ನನಗಂತೂ ಭತ್ತ ಹಿಡಿಸಿತು.

ಸಂದಿಯೊಂದಿದ್ದರೆ ಅಲ್ಲಿ ಯಾರಾದರೂ ನಿಂತಿರಲೇಬೇಕು. ನಮ್ಮ ಗುಡಿಯ ಬಾಗಿಲಲ್ಲಿ ದ್ವಾರಪಾಲಕರು ಗದೆ ಹಿಡಿದು ನಿಂತ ಹಾಗೆ ಬಾರ್ದೋದಲ್ಲೂ ಶಾಂತಮುಖದ 42 ದೇವತೆಗಳು, ಉಗ್ರಮುಖದ 58 ದೇವತೆಗಳು ಸತ್ತವನ ಎದುರು ಬರುತ್ತಾರೆ. ಶಾಂತರ ಗುಂಪಿನಲ್ಲೇ ಎಂಟು ಜನ ಬಾಗಿಲು ಕಾಯುವವರು. ಗಂಡಸರಲ್ಲಿ ಯಮಾಂತಕ, ಹಯಗ್ರೀವ ಇದ್ದಾರೆ. (ಹಯಗ್ರೀವ ಅಂದರೆ ನನಗೆ ಮೊದಲು ಕಡಲೆಬೇಳೆಯ ಸಿಹಿಯೇ ನೆನಪಾಗುವುದು.) ಹೆಂಗಸರು ನಾಲ್ವರು. ಒಬ್ಬಳ ಕೈಲಿ ಅಂಕುಶ, ಒಬ್ಬಳ ಕೈಲಿ ಪಾಶ, ಇನ್ನೊಬ್ಬಳ ಕೈಲಿ ಸಂಕೋಲೆ, ಕೊನೆಯವಳ ಕೈಲಿ ಗಂಟೆ.

ತತ್ತ್ವ ಇರುವುದು ಮುಂದಿನ ಮಾತಿನಲ್ಲಿ. ಥೋದೋಲ್ ಅಂದರೆ ಕೇಳಿಯೇ ಬಿಡುಗಡೆ. ಸತ್ತವನು ಕೇಳಿಸಿಕೊಳ್ಳುತ್ತಾನೆ ಎಂದು ನಂಬಿ ಲಾಮಾ ಹೆಣದ ಬಳಿ ಕೂತು ಓದುತ್ತಾರೆ. ಓದಿನ ಸಾರ ಇಷ್ಟು: ಎದುರು ನಿಂತವರಿಗೆ ಹೆದರಬೇಡ, ಅವರು ಬೇರೆಲ್ಲಿಂದಲೋ ಬಂದವರಲ್ಲ, ನಿನ್ನ ಮನಸ್ಸೇ ಹಾಗೆ ಕಾಣುತ್ತಿದೆ. ಗುರುತು ಹಿಡಿದರೆ ಅಲ್ಲಿಗೆ ಬಿಡುಗಡೆ. ಹಿಡಿಯದೆ ಓಡಿದರೆ ಅದೇ ಶಾಂತಮುಖಗಳು ಉಗ್ರವಾಗಿ ಮತ್ತೆ ಎದುರಾಗುತ್ತವೆ. ಬಾಗಿಲಲ್ಲಿ ನಿಂತ ಕಾವಲುಗಾರ ದಾಟುವವನದೇ ನೆರಳು. ಇಷ್ಟು ಹೇಳುವ ದಿಟ್ಟತನ ನಮ್ಮ ಹೊಸ್ತಿಲ ಶಾಸ್ತ್ರಕ್ಕೆ ಬರಲಿಲ್ಲ ಎಂದೇ ನನ್ನ ಅನಿಸಿಕೆ. ನಾವು ಪೂಜೆ ಮಾಡಿ ಬೇಗ ದಾಟಿಕೊಂಡೆವು.

ಸತ್ತವನಿಗೆ ತಾನು ಸತ್ತದ್ದು ಹೇಗೆ ತಿಳಿಯುತ್ತದೆ? ಟಿಬೆಟ್ಟಿನವರು ಹೇಳುವ ಗುರುತುಗಳು ಸರಳ. ಬಿಸಿಲಲ್ಲಿ ನಿಂತರೆ ನೆರಳು ಬೀಳುವುದಿಲ್ಲ. ಮರಳ ಮೇಲೆ ನಡೆದು ತಿರುಗಿ ನೋಡಿದರೆ ಹೆಜ್ಜೆ ಮೂಡಿರುವುದಿಲ್ಲ.

ಅಜ್ಜಿ ತೀರಿಕೊಂಡಾಗ ಹನ್ನೊಂದನೆಯ ದಿನದ ರಾತ್ರಿ ನಡುಮನೆಯಲ್ಲಿ ದೀಪ ಇಟ್ಟು, ಪಕ್ಕದಲ್ಲಿ ಅಕ್ಕಿ ಹಿಟ್ಟು ತೆಳ್ಳಗೆ ಹರಡಿ, ಮೇಲೆ ಮಂಕರಿ ಕವುಚಿದ್ದರು. ಬೆಳಗ್ಗೆ ಎಲ್ಲರೂ ಸುತ್ತ ನೆರೆದ ಮೇಲೆ ದೊಡ್ಡಪ್ಪ ಮಂಕರಿ ಎತ್ತಿದರು. ಹಿಟ್ಟಿನ ಮೇಲೆ ಮೂರು ಗೀರುಗಳಿದ್ದವು. ಹಕ್ಕಿ ಕಾಲು ಎಂದಳು ಅತ್ತೆ. ಎಳೆ ಮಗುವಿನ ಬೆರಳು ಎಂದರು ಇನ್ನೊಬ್ಬರು. ಇರುವೆ ಹರಿದದ್ದು ಕಣ್ರೋ ಎಂದು ನಮ್ಮ ಮಾವ ಮೆಲ್ಲಗೆ ಅಂದು, ಅತ್ತೆಯ ಮುಖ ನೋಡಿ ಸುಮ್ಮನಾದರು.