ಹೊಲ ಯಾರದು?

ಈ ಮಹಾನಗರದಲ್ಲಿ ನೆಲೆಸಿರುವ ನಮ್ಮಂಥ ಎಷ್ಟೋ ಮನೆಗಳಲ್ಲಿ, ಟ್ರಂಕಿನ ತಳದಲ್ಲಿ, ಊರಿನ ಹೊಲದ ಕಾಗದಗಳಿರುತ್ತವೆ. ಕಳೆದ ದೀಪಾವಳಿಗೆ ಧಾರವಾಡ ಸೀಮೆಯ ನಮ್ಮ ಹಳ್ಳಿಗೆ ಹೋದಾಗ ನಾವು ಅವನ್ನು ಜೊತೆಯಲ್ಲಿಯೇ ಒಯ್ದಿದ್ದೆವು. ನಾಲ್ಕು ಎಕರೆ ಎರೆಹೊಲ ತಂದೆಯವರ ಪಾಲಿಗೆ ಬಂದದ್ದು. ಅವರು ಮುಂಬಯಿಗೆ ಬಂದ ಮೇಲೆ ಅದನ್ನು ಕಾಕಾ ಉಳುತ್ತಿದ್ದರು. ಅವರ ತರುವಾಯ ಅವರ ಮಗ, ಎಂದರೆ ನಮಗೆ ಅಣ್ಣನಾಗಬೇಕಾದವರು, ಉಳುತ್ತಿದ್ದಾರೆ. ಮೊದಮೊದಲು ವರ್ಷಕ್ಕೆರಡು ಚೀಲ ಜೋಳ ಬರುತ್ತಿತ್ತು. ಅದು ನಿಂತಾಗ ನಾವು ಕೇಳಲೂ ಇಲ್ಲ. ಈಗ ಪಕ್ಕದ ರಸ್ತೆ ಅಗಲವಾಗಿ ಬೆಲೆ ಏರಿರುವುದರಿಂದ ಕೇಳುವ ಮನಸ್ಸಾಗಿದೆ ಎಂಬುದನ್ನು ಮುಚ್ಚಿಡುವುದೇಕೆ?

ಕಾಗದ ತೋರಿಸಿದಾಗ ಅಣ್ಣ ಸಿಟ್ಟಾಗಲಿಲ್ಲ. "ಕಾಗದಾ ನಿಮ್ಮ ಕಡೆ ಅದ, ಖರೆ. ಬದು ಒಡದು ಹೋದ ವರ್ಷ ಕಟ್ಟಿದವರು ಯಾರು, ತಮ್ಮಾ?" ಎಂದರು. ಅಷ್ಟರಲ್ಲಿ ಅತ್ತಿಗೆ ಊಟಕ್ಕೆ ಎಬ್ಬಿಸಿದರು.

ಗುಮಾಸ್ತಿಕೆಯಲ್ಲಿ ಇಪ್ಪತ್ತು ವರ್ಷ ಕಳೆದವರಿಗೆ, ಕಡತದಲ್ಲಿಲ್ಲದ್ದು ಲೋಕದಲ್ಲಿಯೇ ಇಲ್ಲವೆಂದು ತೋರುವುದು ಸಹಜ. ಆದರೆ ನಮ್ಮ ಪಾಲುಪತ್ರ ನೋಂದಣಿಯಾಗಿಲ್ಲ. 1908ರ ನೋಂದಣಿ ಕಾಯಿದೆಯ ಪ್ರಕಾರ, ಪಾಲು ಮಾಡಿದ್ದೇ ಆ ಪತ್ರವಾದರೆ ನ್ಯಾಯಾಲಯ ಅದನ್ನು ಪಾಲಿನ ಪುರಾವೆಯಾಗಿ ತೆಗೆದುಕೊಳ್ಳುವುದಿಲ್ಲ. ಮೊದಲೇ ಬಾಯಿಮಾತಿನಲ್ಲಿ ಆದ ಪಾಲನ್ನು ನೆನಪಿಗೆಂದು ಬರೆದಿಟ್ಟದ್ದಾದರೆ ಅಡ್ಡಿಯಿಲ್ಲ. ಪಹಣಿಯ ಒಂಬತ್ತನೆಯ ಕಾಲಮ್ಮಿನಲ್ಲಿ ಇನ್ನೂ ತಂದೆಯವರ ಹೆಸರಿದೆ. ಹನ್ನೆರಡನೆಯದರಲ್ಲಿ, ಸಾಗುವಳಿದಾರರೆಂದು, ಅಣ್ಣನದು. 1964ರ ಕರ್ನಾಟಕ ಭೂಕಂದಾಯ ಕಾಯಿದೆ ಇಂಥ ನಮೂದನ್ನು, ತಪ್ಪೆಂದು ರುಜುವಾತಾಗುವವರೆಗೆ, ನಿಜವೆಂದು ಭಾವಿಸುತ್ತದೆ. ಆದರೂ ಕಂದಾಯದ ದಾಖಲೆ ಒಡೆತನವನ್ನು ಕೊಡುವುದೂ ಇಲ್ಲ, ಕಳೆಯುವುದೂ ಇಲ್ಲವೆಂದು ಸುಪ್ರೀಂ ಕೋರ್ಟು ಹಲವು ಸಲ ಹೇಳಿದೆ.

ಉಳಿದದ್ದು ಸ್ವಾಧೀನದ ಪ್ರಶ್ನೆ. 1963ರ ಕಾಲಮಿತಿ ಕಾಯಿದೆಯಂತೆ, ಒಡೆಯನ ಹಕ್ಕಿಗೆ ಎದುರಾಗಿ ಬಹಿರಂಗವಾಗಿ 12 ವರ್ಷ ಜಮೀನನ್ನು ಅನುಭವಿಸಿದವನ ಮೇಲೆ ಒಡೆಯನ ದಾವೆ ನಡೆಯದು. ಅನುಮತಿ ಪಡೆದು ಉಳುವವನಿಗೆ ಈ ಆಸರೆಯಿಲ್ಲ. ಆದುದರಿಂದ, ಅಣ್ಣ ನಮ್ಮ ಅನುಮತಿಯಿಂದ ಉಳುತ್ತಿದ್ದರೆಂದು ಬರೆಯೋಣ ಎಂದರು ವಕೀಲರು.

ಇಲ್ಲಿಯೇ ನಾವು ತಡೆದು ನಿಂತದ್ದು. ತಂದೆಯವರು ಅನುಮತಿ ಕೊಟ್ಟಿದ್ದರೆ? ಯಾರೂ ಕೇಳಲಿಲ್ಲ, ಯಾರೂ ಕೊಡಲಿಲ್ಲ. ಅಣ್ಣತಮ್ಮಂದಿರಲ್ಲಿ ಒಬ್ಬರು ರೈಲು ಹತ್ತಿದರು, ಇನ್ನೊಬ್ಬರು ನೇಗಿಲು ಹಿಡಿದರು, ಅಷ್ಟೆ. ಅತ್ತ ನಮ್ಮ ಅಣ್ಣನೂ ಗೆಲ್ಲಬೇಕಾದರೆ, ಇಷ್ಟು ವರ್ಷ ನಮಗೆ ವಿರೋಧಿಯಾಗಿ ಹೊಲ ಹಿಡಿದಿದ್ದೆನೆಂದು ಪ್ರಮಾಣ ಮಾಡಬೇಕು. ನಮ್ಮ ತಂಗಿಯ ಮದುವೆಗೆ ಅದೇ ಹೊಲದ ಜೋಳ ಮಾರಿ ಹಣ ಕಳಿಸಿದವರು ಅವರು! ಇದು ಕಾಯಿದೆಯ ತಪ್ಪೆಂದು ನಾವು ಹೇಳುತ್ತಿಲ್ಲ. ಗುರುತಿಲ್ಲದವರ ನಡುವೆ ತೀರ್ಪು ಕೊಡಲು ಅದಕ್ಕೆ ಇಂಥ ಶಬ್ದಗಳೇ ಬೇಕು. ಆದರೆ ರುಜುವಾತು ಮಾಡಬಲ್ಲದ್ದೆಲ್ಲ ನ್ಯಾಯವಾಗಿ ನಮ್ಮದಾಗುತ್ತದೆಯೆ? ಹಾಗೆಂದು ಪೂರಾ ಬಿಟ್ಟುಕೊಡುವಷ್ಟು ದೊಡ್ಡ ಮನಸ್ಸೂ ನಮಗಿಲ್ಲ.

ದಾವೆಯ ಕರಡು ಮೇಜಿನ ಮೇಲಿದೆ. ಮೂರನೆಯ ಕಂಡಿಕೆಯ 'ಅನುಮತಿ' ಎಂಬ ಶಬ್ದಕ್ಕೆ ಅಡಿಗೆರೆ ಎಳೆದಿಟ್ಟಿದ್ದೇವೆ, ಸಹಿ ಹಾಕಿಲ್ಲ. ಎರಡೆರಡು ಎಕರೆ ಮಾಡಿಕೊಳ್ಳೋಣವೆ ಎಂದು ಅಣ್ಣನಿಗೆ ಪತ್ರ ಬರೆಯಲು ಕುಳಿತಿದ್ದೇವೆ.